ಹಿತ್ತಾಳೆ ಬಿಲ್ಲೆ

ಇವತ್ತು ನಮ್ಮ ರಾಜಕೀಯ ಬೇಡ, ಡಿಬೇಟೂ ಬೇಡ. 1934ರ ಒಂದು ಚುನಾವಣೆಯ ಕಥೆ ಹೇಳ್ತೀನಿ. ನಡೆದದ್ದು ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ. ಅಭ್ಯರ್ಥಿ ಒಬ್ಬ ಕಾದಂಬರಿಕಾರ. ಅವರನ್ನು ಸೋಲಿಸಿದವರಲ್ಲಿ ನನ್ನ ವೃತ್ತಿಯವರೂ ಇದ್ದರು. ಅದಕ್ಕೇ ಹೇಳಬೇಕು ಅನ್ನಿಸಿತು.

ಹೆಸರು ಅಪ್ಟನ್ ಸಿಂಕ್ಲೇರ್. ಹುಟ್ಟಿದ್ದು 1878ರಲ್ಲಿ, ಬಾಲ್ಟಿಮೋರ್ ನಗರದಲ್ಲಿ. ಅಪ್ಪ ಮದ್ಯದ ಸೇಲ್ಸ್‌ಮನ್, ಮಾರುವ ಸರಕಿಗೇ ದಾಸನಾದವರು. ಅಮ್ಮನ ತವರು ಸಿರಿವಂತರದ್ದು. ಹುಡುಗ ಒಂದು ವಾರ ತಿಗಣೆ ಕಾಟದ ಬಾಡಿಗೆ ಕೋಣೆಯಲ್ಲಿ ಮಲಗಿದರೆ ಇನ್ನೊಂದು ವಾರ ನೆಂಟರ ಬಂಗಲೆಯಲ್ಲಿ. ಒಬ್ಬರಿಗೆ ಅಷ್ಟು, ಒಬ್ಬರಿಗೆ ಇಷ್ಟು ಯಾಕೆ ಅನ್ನೋ ಪ್ರಶ್ನೆ ಅಲ್ಲೇ ಹುಟ್ಟಿತು. ಹದಿನಾಲ್ಕು ತುಂಬುವ ಮೊದಲೇ ನ್ಯೂಯಾರ್ಕ್‌ನಲ್ಲಿ ಕಾಲೇಜು ಸೇರಿದರು. ಜೋಕು, ಅಗ್ಗದ ಸಾಹಸಕಥೆ ಬರೆದು ಖರ್ಚು ತೂಗಿಸಿದರು.

1904ರಲ್ಲಿ ಶಿಕಾಗೋದ ಕಸಾಯಿಖಾನೆ ಕಾರ್ಮಿಕರ ಮುಷ್ಕರ ಸೋತಿತು. ಒಂದು ಸಮಾಜವಾದಿ ವಾರಪತ್ರಿಕೆ 500 ಡಾಲರ್ ಮುಂಗಡ ಕೊಟ್ಟು, ಈ ಜನರ ಬಗ್ಗೆ ಕಾದಂಬರಿ ಬರೆಯಿರಿ ಅಂತು. ಸಿಂಕ್ಲೇರ್ ಅಲ್ಲಿಗೆ ಹೋಗಿ ಏಳು ವಾರ ಇದ್ದರು. ಮಾಸಿದ ಬಟ್ಟೆ, ಕೈಯಲ್ಲೊಂದು ಊಟದ ಡಬ್ಬಿ. ಅಷ್ಟಿದ್ದರೆ ಕಾರ್ಖಾನೆಯೊಳಗೆ ಯಾರೂ ತಡೆಯುತ್ತಿರಲಿಲ್ಲವಂತೆ. ನಮ್ಮ ರಿಪೋರ್ಟರ್‌ಗಳಿಗೆ ನಾನು ಈ ಡಬ್ಬಿಯ ಕಥೆ ಆಗಾಗ ಹೇಳೋದುಂಟು. ಮೈಕ್ ಹಿಡಿದು ಹೋದರೆ ಬಾಗಿಲು ಮುಚ್ಚುತ್ತೆ, ಡಬ್ಬಿ ಹಿಡಿದು ಹೋದರೆ ತೆರೆಯುತ್ತೆ.

ಹಾಗೆ ಹುಟ್ಟಿದ್ದು 'ದಿ ಜಂಗಲ್'. ಐದು ಪ್ರಕಾಶಕರು ಬೇಡ ಅಂದ ಮೇಲೆ 1906ರಲ್ಲಿ ಪುಸ್ತಕವಾಯಿತು. ಲಿಥುವೇನಿಯಾದಿಂದ ವಲಸೆ ಬಂದ ಯುರ್ಗಿಸ್ ಅನ್ನೋ ಗಟ್ಟಿಮುಟ್ಟಾದ ಯುವಕ ಹೇಗೆ ಮನೆ, ಹೆಂಡತಿ, ಮಗು ಎಲ್ಲವನ್ನೂ ಕಳೆದುಕೊಳ್ಳುತ್ತಾನೆ ಅನ್ನೋದು ಕಥೆ. ನಿಜ ಹೇಳಬೇಕಂದ್ರೆ ಕೊನೆಯ ಅಧ್ಯಾಯಗಳು ಕಾದಂಬರಿ ಅಲ್ಲ, ಭಾಷಣ. ಆದರೆ ಜನ ಓದಿದ್ದು ಬೇರೇನೇ. ಕೊಳೆತ ಮಾಂಸ, ಇಲಿ, ಕಲಬೆರಕೆಯ ಡಬ್ಬಿ, ಆ ಕೆಲವು ಪುಟ! ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಇಬ್ಬರನ್ನು ತನಿಖೆಗೆ ಕಳಿಸಿದರು. ಜೂನ್ 30ಕ್ಕೆ ಮಾಂಸ ತಪಾಸಣೆ ಕಾನೂನು, ಶುದ್ಧ ಆಹಾರ ಮತ್ತು ಔಷಧ ಕಾನೂನು ಎರಡಕ್ಕೂ ಸಹಿ ಬಿತ್ತು. ಪುಸ್ತಕ ಬಂದು ಐದು ತಿಂಗಳೂ ಆಗಿರಲಿಲ್ಲ.

ಲೇಖಕರಿಗೆ ಖುಷಿ ಆಗಬೇಕಲ್ವಾ? ಆಗಲಿಲ್ಲ. ನಾನು ಗುರಿಯಿಟ್ಟದ್ದು ಓದುಗನ ಎದೆಗೆ, ತಗುಲಿದ್ದು ಅವನ ಹೊಟ್ಟೆಗೆ ಅನ್ನುವರ್ಥದ ಮಾತು ಹೇಳಿಕೊಂಡರು. ಜನ ಕೇಳಿದ್ದು ನಮ್ಮ ತಟ್ಟೆಯಲ್ಲಿ ಏನಿದೆ ಅಂತ. ಅದನ್ನು ತಟ್ಟೆಗೆ ತಂದವನ ಬೆರಳು ಇದೆಯಾ ಅಂತ ಕೇಳಲಿಲ್ಲ. ತಪಾಸಣೆಯ ಖರ್ಚನ್ನೂ ಮಾಂಸದ ಕಂಪನಿಗಳು ಕೊಡಲಿಲ್ಲ, ಸರ್ಕಾರದ ಖಜಾನೆಯೇ ಕೊಟ್ಟಿತು.

1914ರಲ್ಲಿ ಕೊಲೊರಾಡೊದ ಲಡ್ಲೋದಲ್ಲಿ ಮುಷ್ಕರನಿರತ ಗಣಿ ಕಾರ್ಮಿಕರ ಡೇರೆಗಳಿಗೆ ಬೆಂಕಿ ಬಿತ್ತು. ಡೇರೆಯ ಕೆಳಗಿನ ಗುಂಡಿಯಲ್ಲಿ ಅಡಗಿದ್ದ 11 ಮಕ್ಕಳು, ಇಬ್ಬರು ಹೆಂಗಸರು ಸತ್ತರು. ಸಿಂಕ್ಲೇರ್ ತೋಳಿಗೆ ಕಪ್ಪು ಪಟ್ಟಿ ಕಟ್ಟಿ ನ್ಯೂಯಾರ್ಕ್‌ನ ರಾಕ್‌ಫೆಲ್ಲರ್ ಕಚೇರಿ ಎದುರು ಸುಮ್ಮನೆ ಓಡಾಡಿದರು. ಅಷ್ಟಕ್ಕೇ ಬಂಧನವಾಯಿತು. ಆಮೇಲೆ ಕೊಲೊರಾಡೊಗೇ ಹೋದರು. ಅಲ್ಲಿಂದ ಕೊಟ್ಟ ಸುದ್ದಿಯನ್ನು ಅಸೋಸಿಯೇಟೆಡ್ ಪ್ರೆಸ್ ರವಾನಿಸಲಿಲ್ಲ ಅನ್ನೋದು ಅವರ ದೂರು. ಆ ಸಿಟ್ಟಲ್ಲಿ 1919ರಲ್ಲಿ ಪತ್ರಿಕೋದ್ಯಮದ ಮೇಲೇ ಒಂದು ಪುಸ್ತಕ ಬರೆದು, ತಾವೇ ಅಚ್ಚು ಹಾಕಿಸಿದರು. ಹೆಸರು 'ದಿ ಬ್ರಾಸ್ ಚೆಕ್'. ಅಂದ್ರೆ ಹಿತ್ತಾಳೆ ಬಿಲ್ಲೆ. ವೇಶ್ಯಾಗೃಹದಲ್ಲಿ ಗಿರಾಕಿ ದುಡ್ಡು ಕಟ್ಟಿ ಪಡೆದು ಹೆಣ್ಣಿನ ಕೈಗೆ ಕೊಡುತ್ತಿದ್ದ ಬಿಲ್ಲೆ ಅದು. ಪತ್ರಕರ್ತನ ಸಂಬಳದ ಕವರ್‌ನಲ್ಲಿ ಇರೋದೂ ಅದೇ ಅಂದರು. ಮೊದಲ ಸಲ ಓದಿದಾಗ ನನಗೆ ಕೋಪ ಬಂತು. ಆ ಹೆಣ್ಣಿನ ಅಸಹಾಯಕತೆಯನ್ನು ಬೈಗುಳವಾಗಿ ಬಳಸಿದ್ದು ಇವತ್ತಿಗೂ ಒಪ್ಪಿಗೆಯಿಲ್ಲ. ಉಳಿದದ್ದಕ್ಕೆ ನನ್ನ ಹತ್ತಿರ ಉತ್ತರವಿಲ್ಲ.

ಈಗ ಚುನಾವಣೆಗೆ ಬರೋಣ. 1934, ಮಹಾ ಆರ್ಥಿಕ ಕುಸಿತದ ಕಾಲ. ಮುಚ್ಚಿದ ಕಾರ್ಖಾನೆ, ಪಾಳುಬಿದ್ದ ಹೊಲಗಳನ್ನು ಸರ್ಕಾರ ತೆಗೆದುಕೊಂಡು ನಿರುದ್ಯೋಗಿಗಳಿಗೆ ಕೊಡಲಿ, ಅವರು ತಮಗೆ ಬೇಕಾದ್ದನ್ನು ತಾವೇ ಬೆಳೆದುಕೊಳ್ಳಲಿ, ತಯಾರಿಸಿಕೊಳ್ಳಲಿ. ಇದು ಸಿಂಕ್ಲೇರ್ ಯೋಜನೆ. ಡೆಮಾಕ್ರಟಿಕ್ ಪಕ್ಷದಿಂದ ಗವರ್ನರ್ ಹುದ್ದೆಗೆ ಟಿಕೆಟ್ಟೂ ಗೆದ್ದರು. ದುಡ್ಡಿದ್ದವರು ನಡುಗಿದರು.

ಮುಂದೆ ಆದದ್ದು ಕೇಳಿ. ಅವರ ಕಾದಂಬರಿಗಳಲ್ಲಿ ಪಾತ್ರಗಳು ಆಡಿದ ಮಾತನ್ನು ಹೆಕ್ಕಿ, ಇದು ಸಿಂಕ್ಲೇರ್ ಮಾತು ಅಂತ ಲಾಸ್ ಏಂಜಲೀಸ್ ಟೈಮ್ಸ್ ಚೌಕಟ್ಟು ಕಟ್ಟಿ ಹಾಕಿತು. ಭಿಕಾರಿಗಳ ದಂಡು ಗೂಡ್ಸ್ ರೈಲಲ್ಲಿ ಕ್ಯಾಲಿಫೋರ್ನಿಯಾಗೆ ನುಗ್ಗುತ್ತಿದೆ ಅಂತ ಇನ್ನೊಂದು ಪತ್ರಿಕೆಯಲ್ಲಿ ಫೋಟೋ ಬಂತು. ಅದು ಹಿಂದಿನ ವರ್ಷ ತೆರೆಕಂಡ ಸಿನಿಮಾದ ಸ್ಟಿಲ್! ಎಂಜಿಎಂ ಸ್ಟುಡಿಯೋ ಸುದ್ದಿಚಿತ್ರಗಳನ್ನೇ ತಯಾರಿಸಿ ಚಿತ್ರಮಂದಿರಗಳಿಗೆ ಹಂಚಿತು. ಅದರಲ್ಲಿ ಎದುರಾಳಿ ಮೆರಿಯಮ್ ಅವರಿಗೆ ಮತ ಅನ್ನುವವರು ನೀಟಾಗಿ ಉಡುಪು ತೊಟ್ಟ ಸಭ್ಯರು, ಸಿಂಕ್ಲೇರ್‌ಗೆ ಅನ್ನುವವರು ಕೆದರಿದ ತಲೆಯವರು. ಜನ ಇದನ್ನ ಸುದ್ದಿ ಅಂತಲೇ ನೋಡಿದರು. ಸಿಂಕ್ಲೇರ್‌ಗೆ ಬಂದದ್ದು ಸುಮಾರು 8.79 ಲಕ್ಷ ಮತ, ಮೆರಿಯಮ್‌ಗೆ 11.38 ಲಕ್ಷ.

ಇದನ್ನ ಓದುವಾಗ ನನಗೆ ಒಂದು ಮಳೆಗಾಲ ನೆನಪಾಗುತ್ತೆ. ಬುಲೆಟಿನ್‌ಗೆ ಎರಡು ನಿಮಿಷ ಇತ್ತು, ಪ್ರವಾಹದ ದೃಶ್ಯ ಬಂದಿರಲಿಲ್ಲ. ಹಳೆಯದನ್ನು ಹಾಕಿದೆವು. ಮೂಲೆಯಲ್ಲಿ 'ಫೈಲ್' ಅಂತ ಹಾಕೋದು ಬಿಟ್ಟುಹೋಯಿತು. ಮಾರನೇ ದಿನ ಒಬ್ಬ ಹಿರಿಯರು ಫೋನ್ ಮಾಡಿದರು. 'ಸಾರ್, ಆ ಸೇತುವೆ ನಮ್ಮೂರಿಂದು. ಅದು ಕೊಚ್ಚಿಹೋಗಿ ಆರು ವರ್ಷ ಆಯ್ತು. ರಾತ್ರಿ ದುಬೈಯಿಂದ ಮಗ ಅಳ್ತಾ ಫೋನ್ ಮಾಡಿದ.' ಕ್ಷಮೆ ಕೇಳಿದೆ, ಫೋನಿನಲ್ಲಿ. ಪರದೆಯ ಮೇಲೆ ಕೇಳಲಿಲ್ಲ. ಎಂಜಿಎಂ ಬೇಕಂತಲೇ ಮಾಡಿತು, ನಾನು ಅವಸರದಲ್ಲಿ ಮಾಡಿದೆ, ನಿಜ. ಆ ಮಗನಿಗೆ ಇದರಿಂದ ಏನು ವ್ಯತ್ಯಾಸ?

ಸೋತ ಸಿಂಕ್ಲೇರ್ ಮನೆಗೆ ಹೋಗಿ, ಹೇಗೆ ಸೋತೆ ಅಂತ ಪುಸ್ತಕ ಬರೆದರು. ಅದನ್ನು ಧಾರಾವಾಹಿಯಾಗಿ ಪ್ರಕಟಿಸಿದ್ದೂ ಪತ್ರಿಕೆಗಳೇ! 1943ರಲ್ಲಿ ಅವರ ಇನ್ನೊಂದು ಕಾದಂಬರಿಗೆ ಪುಲಿಟ್ಜರ್ ಸಿಕ್ಕಿತು. ಹಸಿವಿನ ಬಗ್ಗೆ ಬರೆದ ಈ ಮನುಷ್ಯ ನಡುವೆ ಉಪವಾಸ ಚಿಕಿತ್ಸೆಯ ಪುಸ್ತಕವನ್ನೂ ಬರೆದಿದ್ದರು, ಬಿಡಿ, ಅವರ ವಿಚಿತ್ರಗಳಿಗೆ ಇನ್ನೊಂದು ಎಪಿಸೋಡೇ ಬೇಕು.

1967ರ ಡಿಸೆಂಬರ್‌ನಲ್ಲಿ ಅಧ್ಯಕ್ಷ ಜಾನ್ಸನ್ ಅವರನ್ನು ಶ್ವೇತಭವನಕ್ಕೆ ಕರೆಸಿಕೊಂಡರು. ಆಗ 89 ವರ್ಷ, ಗಾಲಿಕುರ್ಚಿ. ಮರುವರ್ಷ ತೀರಿಕೊಂಡರು. ಅವತ್ತು ಒಂದು ಕಾನೂನಿಗೆ ಸಹಿ ಹಾಕುವ ಸಮಾರಂಭ ಇತ್ತು. ಅರವತ್ತೊಂದು ವರ್ಷದ ನಂತರ ಸಹಿ ಬಿದ್ದದ್ದು ಕಾರ್ಮಿಕರ ಕಾನೂನಿಗಲ್ಲ. ಮತ್ತೆ ಮಾಂಸ ತಪಾಸಣೆಗೇ.