ಪಾಳಿ ಯಾರದು? : ನೌಕರಿಯಲ್ಲಿ ಜ್ಯೇಷ್ಠತೆ ಮತ್ತು ಬಡ್ತಿ

(ಅಲಖನೂರಿನಲ್ಲಿ ಸಂಘದ ರಜತ ಮಹೋತ್ಸವ ಸಭೆಯಲ್ಲಿ ಮಾಡಿದ ಭಾಷಣ)



ಒಕ್ಕಲುತನದ ಊರಿನಲ್ಲಿ ನೌಕರಿ ಕಾಯ್ದೆಯ ಮಾತು ಯಾಕ ಬೇಕು ಎಂದು ಕೆಲವರಿಗೆ ಅನಿಸಬಹುದು. ಆದರೆ ಇಂದು ನಮ್ಮ ಭಾಗದ ಹಳ್ಳಿಗಳ ಮಕ್ಕಳು ಸಾಲಿ ಮಾಸ್ತರರು, ಕಂಡಕ್ಟರು, ಲೈನಮನ್, ಇಂಜಿನಿಯರು ಆಗಿದ್ದಾರೆ. ಅವರ ಬಡ್ತಿ, ಅದರ ಬೆನ್ನಿಗೆ ಬರುವ ಪಗಾರ ಮತ್ತು ಪಿಂಚಣಿ ಬಹುಮಟ್ಟಿಗೆ ಜ್ಯೇಷ್ಠತಾ ಪಟ್ಟಿ ಎಂಬ ಒಂದು ಕಾಗದದ ಮೇಲೆ ನಿಂತಿವೆ. ನೀರಿನ ಪಾಳಿ ತಪ್ಪಿದರೆ ಅಣ್ಣತಮ್ಮರಲ್ಲೂ ಜಗಳ ಬೀಳುವುದನ್ನು ನಾವು ಬಲ್ಲೆವು. ನೌಕರಿಯ ಪಾಳಿಯೂ ಹಂಗೇ.

ನಮ್ಮ ರಾಜ್ಯದಲ್ಲಿ 1978ರಲ್ಲಿ ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ. 15, ಪರಿಶಿಷ್ಟ ಪಂಗಡಕ್ಕೆ ಶೇ. 3 ಮೀಸಲಾತಿ ಜಾರಿಗೆ ಬಂತು. ಒಬ್ಬರು ಮೊದಲು ಸೇರಿದರು, ಇನ್ನೊಬ್ಬರು ಆಮೇಲೆ ಸೇರಿದರು ಎನ್ನಿ. ಆಮೇಲೆ ಸೇರಿದವರಿಗೆ ಮೀಸಲಾತಿಯಿಂದ ಬಡ್ತಿ ಮೊದಲು ಸಿಕ್ಕಿತು. ಕೆಲವು ವರ್ಷದ ನಂತರ ಹಳಬರೂ ಅದೇ ಹುದ್ದೆಗೆ ಏರಿದರು. ಈಗ ಅಲ್ಲಿ ಹಿರಿಯರು ಯಾರು? ಮುಂದಿನ ಬಡ್ತಿ ಯಾರಿಗೆ? ವ್ಯಾಜ್ಯದ ಬೇರು ಇಷ್ಟೇ.

1995ರ ವೀರಪಾಲ್ ಸಿಂಗ್ ಮತ್ತು 1999ರ ಅಜಿತ್ ಸಿಂಗ್ ತೀರ್ಪುಗಳಲ್ಲಿ ಸುಪ್ರೀಂ ಕೋರ್ಟು, ಹಳಬರಿಗೆ ಅವರ ಹಿಂದಿನ ಹಿರಿತನ ಮರಳಿ ಸಿಗಬೇಕು ಎಂದಿತು. ಸಂಸತ್ತು 2001ರಲ್ಲಿ 85ನೆಯ ತಿದ್ದುಪಡಿ ತಂದು, ಬಡ್ತಿಯ ಜೊತೆಗೆ ಜ್ಯೇಷ್ಠತೆಯನ್ನೂ ಕೊಡಲು ದಾರಿ ಮಾಡಿತು. ಅದರಂತೆ ಕರ್ನಾಟಕ 2002ರಲ್ಲಿ ಕಾಯ್ದೆ ಮಾಡಿತು. 2006ರ ನಾಗರಾಜ್ ಪ್ರಕರಣದಲ್ಲಿ ಕೋರ್ಟು ತಿದ್ದುಪಡಿಯನ್ನು ಎತ್ತಿ ಹಿಡಿಯಿತು. ಆದರೆ ಪ್ರಾತಿನಿಧ್ಯ ಕಡಿಮೆ ಇದೆ ಎಂಬುದನ್ನು ಸರಕಾರ ಅಂಕಿಸಂಖ್ಯೆಯಿಂದ ತೋರಿಸಬೇಕು ಎಂದಿತು.

ಆ ಲೆಕ್ಕ ಕೊಡದ ಕಾರಣ 2017ರ ಫೆಬ್ರವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದಲ್ಲಿ ನಮ್ಮ ಕಾಯ್ದೆಯ ಜ್ಯೇಷ್ಠತೆಯ ಕಲಮುಗಳು ಬಿದ್ದವು. ಮೂರು ತಿಂಗಳಲ್ಲಿ ಪಟ್ಟಿ ತಿದ್ದಿರಿ ಎಂದು ಆದೇಶವಾಯಿತು. ಹತ್ತಾರು ವರ್ಷ ದುಡಿದವರಿಗೆ ಹಿಂಬಡ್ತಿಯ ಭೀತಿ. ಹತ್ತಾರು ವರ್ಷ ಕಾದವರಿಗೆ ಈಗಲಾದರೂ ನ್ಯಾಯ ಸಿಕ್ಕೀತೆಂಬ ಆಸೆ. ಎರಡೂ ಕಡೆಯ ಮನೆಗಳು ನಮ್ಮ ನಡುವೆಯೇ ಇವೆ ಎಂಬುದನ್ನು ಮರೆಯಬಾರದು.

ಬಳಿಕ ಸರಕಾರ ರತ್ನಪ್ರಭಾ ಅವರ ಸಮಿತಿಯಿಂದ ಅಂಕಿ ತರಿಸಿ 2018ರಲ್ಲಿ ಹೊಸ ಕಾಯ್ದೆ ತಂದಿತು. 2019ರ ಮೇ 10ರಂದು ಸುಪ್ರೀಂ ಕೋರ್ಟು ಅದನ್ನು ಮಾನ್ಯ ಮಾಡಿತು. ವಿಷಯ ಅಲ್ಲಿಗೇ ನಿಲ್ಲಲಿಲ್ಲ. 2022ರ ಜನವರಿಯಲ್ಲಿ ಜರ್ನೈಲ್ ಸಿಂಗ್ ಪ್ರಕರಣದಲ್ಲಿ, ಅಂಕಿಗಳನ್ನು ಎ, ಬಿ, ಸಿ, ಡಿ ಎಂಬ ದೊಡ್ಡ ಗುಂಪುಗಳಲ್ಲಿ ಎಣಿಸಿದರೆ ಸಾಲದು, ವೃಂದವಾರು ಎಣಿಸಬೇಕು, ಪವಿತ್ರ ಎರಡನೆಯ ತೀರ್ಪು ಈ ಮಟ್ಟಿಗೆ ಸರಿಯಲ್ಲ ಎಂದು ಕೋರ್ಟು ಹೇಳಿತು.

ಇದರಿಂದ ನಾವು ಕಲಿಯುವುದೇನು? ಉದ್ದೇಶ ಎಷ್ಟೇ ದೊಡ್ಡದಿರಲಿ, ಲೆಕ್ಕ ಬರೆದಿಡದಿದ್ದರೆ ಅದು ಕೋರ್ಟಿನಲ್ಲಿ ನಿಲ್ಲುವುದಿಲ್ಲ. ಖಾತೆ ಕಿರ್ದಿ ಬರೆಯುವ ಸಹಕಾರಿಗಳಿಗೆ ಈ ಮಾತು ಹೊಸದಲ್ಲ.

ನೌಕರಿಯಲ್ಲಿರುವ ನಮ್ಮ ಹುಡುಗರಿಗೆ ಎರಡು ಮಾತು. ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಹೊರಟಾಗ ಹೆಸರು, ಸೇರಿದ ತಾರೀಖು, ಕ್ರಮಾಂಕ ನೋಡಿರಿ. ತಪ್ಪಿದ್ದರೆ ವಾಯಿದೆಯೊಳಗೆ ಲಿಖಿತ ಆಕ್ಷೇಪಣೆ ಕೊಟ್ಟು ಪೋಚ್ ಪಡೆಯಿರಿ. "ಆಮ್ಯಾಲ ನೋಡೋಣು" ಅನ್ನಬ್ಯಾಡ್ರಿ. ಕಿರಿಯರಿಗೆ ಬಡ್ತಿಯಾದರೆ ಆರು ತಿಂಗಳು, ಹೆಚ್ಚೆಂದರೆ ಒಂದು ವರ್ಷದೊಳಗೆ ಕೋರ್ಟಿಗೆ ಬರಬೇಕು ಎಂದು ಸದಾಶಿವಸ್ವಾಮಿ ಪ್ರಕರಣದಲ್ಲಿ 1974ರಷ್ಟು ಹಿಂದೆಯೇ ಸುಪ್ರೀಂ ಕೋರ್ಟು ಹೇಳಿದೆ. ಸರಕಾರಿ ನೌಕರರಿಗೆ ಆಡಳಿತ ನ್ಯಾಯಮಂಡಳಿಯ ಪೀಠ ಬೆಳಗಾವಿಯಲ್ಲೇ ಇದೆ. 2008ರಿಂದ ಧಾರವಾಡದಲ್ಲಿ ಹೈಕೋರ್ಟಿನ ಪೀಠವೂ ಇದೆ. ಬೆಂಗಳೂರು ದೂರ ಎಂಬ ನೆಪ ಈಗ ಉಳಿದಿಲ್ಲ.

ಕೊನೆಗೆ ನಮ್ಮ ಸಂಘಕ್ಕೂ ಒಂದು ಮಾತು. ಸಂಘ ಮತ್ತು ಅದರ ನೌಕರರ ನಡುವಿನ ವ್ಯಾಜ್ಯಕ್ಕೆ 1959ರ ಸಹಕಾರ ಸಂಘಗಳ ಕಾಯ್ದೆಯ 70ನೆಯ ಕಲಮಿನಲ್ಲಿ ದಾರಿ ಇದೆ. ಆ ದಾರಿ ಹಿಡಿಯುವ ಪ್ರಸಂಗವೇ ಬರದಂತೆ, ನಮ್ಮ ಗುಮಾಸ್ತರು, ಸಿಪಾಯಿಗಳ ಸೇವಾ ಪುಸ್ತಕ ಬರೆದಿಡೋಣ. ವರ್ಷಕ್ಕೊಮ್ಮೆ ಜ್ಯೇಷ್ಠತಾ ಪಟ್ಟಿಯನ್ನು ನೋಟಿಸ್ ಬೋರ್ಡಿಗೆ ಹಚ್ಚೋಣ. ಇದಕ್ಕೆ ಖರ್ಚಾಗುವುದು ಒಂದು ಹಾಳೆ ಕಾಗದ.