ಮುದ್ರಣಾಲಯದ ಲಾಕ್ ಮತ್ತು ನಮ್ಮ ಅಡ್ಮಿಶನ್ ರಿಜಿಸ್ಟರ್

(ಶತಮಾನೋತ್ಸವ ವರ್ಷದಲ್ಲಿ ರಕ್ಷಕರು ಮತ್ತು ಹಳೆ ವಿದ್ಯಾರ್ಥಿಗಳ ಸಭೆಯಲ್ಲಿ ಮುಖ್ಯೋಪಾಧ್ಯಾಯಿನಿಯವರು ಮಾಡಿದ ಭಾಷಣದ ಬರಹರೂಪ)



ಶತಮಾನೋತ್ಸವದ ಭಾಷಣವೆಂದರೆ ಸ್ಥಾಪಕರ ತ್ಯಾಗ, ಕಾಸರಗೋಡಿನ ಕನ್ನಡದ ಅಳಿವು-ಉಳಿವು ಇವುಗಳನ್ನು ಕುರಿತೇ ಇರಬೇಕೆಂದು ತಾವು ನಿರೀಕ್ಷಿಸುವುದು ಸಹಜ. ಅವುಗಳ ಬಗ್ಗೆ ಮಾತನಾಡಲು ನನಗಿಂತ ಅರ್ಹರಾದವರು ಈ ವೇದಿಕೆಯ ಮೇಲೆಯೇ ಇದ್ದಾರೆ. ನಾನು ಹೇಳಹೊರಟಿರುವುದು ನನ್ನ ಕೈಯಲ್ಲಿರುವ ಈ ಪ್ಲಾಸ್ಟಿಕ್ ತುಂಡಿನ ಸಂಗತಿ. ಗಾತ್ರ ಬೆಂಕಿಪೆಟ್ಟಿಗೆಯಷ್ಟು, ಎರಡೂ ಕಡೆ ಇಪ್ಪತ್ತೈದು ಸೂಜಿಗಳ ಜೋಡಣೆ. ಕಂಪ್ಯೂಟರ್ ಬಲ್ಲವರು ಇದನ್ನು ಡಾಂಗಲ್ ಎನ್ನುತ್ತಾರೆ. ಮುದ್ರಣಾಲಯದವರ ಬಾಯಲ್ಲಿ ಇದು ಬರಿಯ ‘ಲಾಕ್’. ಕಳೆದ ಆರು ತಿಂಗಳ ಕಾಲ ನಮ್ಮ ಶಾಲೆಯ ಮೊದಲ ಮೂವತ್ತೆರಡು ವರ್ಷಗಳ ಮಕ್ಕಳ ಹೆಸರುಗಳು ಇದರ ಹಿಂದೆ ಸಿಕ್ಕಿಕೊಂಡಿದ್ದವು.

ನಮ್ಮ ಅಮೃತ ಮಹೋತ್ಸವ ನಡೆದದ್ದು 1999ರಲ್ಲಿ. ಆಗ ನಿವೃತ್ತಿಯ ಅಂಚಿನಲ್ಲಿದ್ದ ನಮ್ಮ ಕನ್ನಡ ಪಂಡಿತರು ಹಳೆಯ ಅಡ್ಮಿಶನ್ ರಿಜಿಸ್ಟರನ್ನು ಬಟ್ಟೆಯಲ್ಲಿ ಸುತ್ತಿಕೊಂಡು, ಶಾಲೆ ಬಿಟ್ಟ ಮೇಲೆ ಪೇಟೆಯ ಮುದ್ರಣಾಲಯಕ್ಕೆ ಹೋಗುತ್ತಿದ್ದರು. ಅವರು ಓದಬೇಕು, ಅಲ್ಲಿನ ಹುಡುಗ ಕಂಪ್ಯೂಟರಿನಲ್ಲಿ ಕೂರಿಸಬೇಕು. ಹೀಗೆ ಶಾಲೆ ಆರಂಭವಾದ 1924ರಿಂದ, ನಾವು ಕೇರಳಕ್ಕೆ ಸೇರಿದ 1956ರವರೆಗೆ ಇಲ್ಲಿ ದಾಖಲಾದ ಪ್ರತಿಯೊಂದು ಮಗುವಿನ ಹೆಸರು, ರಕ್ಷಕರ ಹೆಸರು, ಮನೆ, ಕಸುಬು ಎಲ್ಲವೂ ಕಂಪ್ಯೂಟರಿಗೆ ಏರಿದವು. ಸಂಚಿಕೆಯಲ್ಲಿ ಅಷ್ಟಕ್ಕೂ ಸ್ಥಳವಿರಲಿಲ್ಲ, ಹಣವೂ ಇರಲಿಲ್ಲ. ಮೊದಲ ವರ್ಷದ ಮಕ್ಕಳ ಹೆಸರಷ್ಟೇ ಅಚ್ಚಾದವು. ಉಳಿದದ್ದನ್ನು ಮುದ್ರಕರು ಒಂದು ಸಿ.ಡಿ.ಯಲ್ಲಿ ಹಾಕಿ ಶಾಲೆಗೆ ಕೊಟ್ಟರು.

ಆಮೇಲಿನ ಒಂದು ಆಟಿಯ ಮಳೆಗೆ ದಾಸ್ತಾನು ಕೋಣೆಯ ಹೆಂಚು ಜಾರಿತು. ನೀರು ಮೊದಲು ಬಂತು, ಗೆದ್ದಲು ಅನಂತರ. ಆಗ ನಾನು ಸಹಾಯಕ ಅಧ್ಯಾಪಿಕೆ. ರಿಜಿಸ್ಟರಿನ ಹಾಳೆಗಳನ್ನು ಜಗಲಿಯಲ್ಲಿ ಹರಡಿ ಒಣಗಿಸಿದವರಲ್ಲಿ ನಾನೂ ಒಬ್ಬಳು. ಓದಲು ಏನೂ ಉಳಿದಿರಲಿಲ್ಲ. ಸಿ.ಡಿ. ಇದೆಯಲ್ಲ ಎಂದು ನಾವೆಲ್ಲ ಸಮಾಧಾನ ಪಟ್ಟುಕೊಂಡೆವು. ಅದನ್ನು ಒಮ್ಮೆಯಾದರೂ ತೆರೆದು ನೋಡಬೇಕೆಂದು ಯಾರಿಗೂ ತೋಚಲಿಲ್ಲ. ಈ ಆಲಸ್ಯದಲ್ಲಿ ನನ್ನ ಪಾಲೂ ಇದೆ.

ಈ ವರ್ಷ ತೆರೆದೆವು. ಪರದೆಯ ಮೇಲೆ ಕಂಡದ್ದು ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳ ರಾಶಿ. ಇಂದು ಯುನಿಕೋಡ್ ವ್ಯವಸ್ಥೆಯಲ್ಲಿ ಕನ್ನಡಕ್ಕೆಂದೇ 128 ಸ್ಥಾನಗಳನ್ನು ಕಾದಿರಿಸಲಾಗಿದೆ. ಅಲ್ಲಿ ‘ಕ’ ಎಂದರೆ ಲೋಕದ ಯಾವ ಕಂಪ್ಯೂಟರಿನಲ್ಲಿಯೂ ‘ಕ’ವೇ. ಅಂದಿನ ಮುದ್ರಣ ತಂತ್ರಾಂಶಗಳು ಹಾಗಿರಲಿಲ್ಲ. ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕನ್ನಡದ ತಲೆಕಟ್ಟು, ಕೊಂಬು, ಒತ್ತುಗಳನ್ನು ತಮಗೆ ತೋಚಿದ ಕ್ರಮದಲ್ಲಿ ಕೂರಿಸಿದ್ದವು. ಆದುದರಿಂದ ಬರೆದ ತಂತ್ರಾಂಶದಲ್ಲಿಯೇ ಓದಬೇಕು. ಆ ತಂತ್ರಾಂಶವೋ, ಲಾಕ್ ಇಲ್ಲದೆ ಬಾಯಿ ಬಿಡದು. ಮುದ್ರಣಾಲಯ ಮುಚ್ಚಿ ಬಹಳ ವರ್ಷಗಳಾಗಿವೆ. ಆದರೂ ಅದರ ಹಿರಿಯ ಮಾಲಕರು ಈ ಲಾಕನ್ನೂ ತಂತ್ರಾಂಶದ ಮೂಲ ಸಿ.ಡಿ.ಯನ್ನೂ ಬಿಸ್ಕತ್ತಿನ ಡಬ್ಬಿಯೊಂದರಲ್ಲಿ ಜೋಪಾನವಾಗಿ ಇಟ್ಟಿದ್ದರು. ಕೇಳಿದೊಡನೆ ಕೊಟ್ಟರು.

ಬೀಗ ಸಿಕ್ಕಿತು, ಇನ್ನೇನು ಎಂದುಕೊಂಡೆವು. ಕಚೇರಿಯ ವಿಂಡೋಸ್ ಕಂಪ್ಯೂಟರಿನಲ್ಲಿ ಮೂಲ ಸಿ.ಡಿ.ಯ ಅನುಸ್ಥಾಪನೆ ಆರಂಭವಾಗಲೇ ಇಲ್ಲ. ನಮ್ಮ ಐ.ಟಿ. ಸಂಯೋಜಕ ಅಧ್ಯಾಪಕರು ಸಿ.ಡಿ.ಯಲ್ಲಿದ್ದುದನ್ನು ನೇರವಾಗಿ ನಕಲಿಸಿ ತಂತ್ರಾಂಶವನ್ನು ತೆರೆಯಲು ನೋಡಿದರು. ಆಗ ಬಂದ ಸಂದೇಶ: ಇಂಥ ಹೆಸರಿನ ಡಿಎಲ್‌ಎಲ್ ಕಡತ ಕಾಣುತ್ತಿಲ್ಲ. ಡಿಎಲ್‌ಎಲ್ ಎಂದರೆ ಡೈನಾಮಿಕ್ ಲಿಂಕ್ ಲೈಬ್ರರಿ. ಕನ್ನಡ ಎಂ.ಎ. ಮಾಡಿದ ನನಗೆ ಅದರಲ್ಲಿ ಅರ್ಥವಾದದ್ದು ಲೈಬ್ರರಿ ಎಂಬ ಒಂದೇ ಪದ. ಅದು ಸಾಕಾಯಿತು. ಪ್ರತಿಯೊಂದು ತರಗತಿಗೂ ಒಂದೊಂದು ನಿಘಂಟು ಕೊಳ್ಳದೆ ಗ್ರಂಥಾಲಯದಲ್ಲಿ ಒಂದನ್ನು ಇಡುತ್ತೇವೆ; ಬೇಕಾದವರು ಹೋಗಿ ನೋಡುತ್ತಾರೆ. ಹಾಗೆಯೇ ಹಲವು ತಂತ್ರಾಂಶಗಳಿಗೆ ಬೇಕಾಗುವ ಕೆಲಸಗಳನ್ನು ಪ್ರತ್ಯೇಕ ಕಡತಗಳಲ್ಲಿ ಇಟ್ಟು, ಬೇಕಾದಾಗ ಕರೆದುಕೊಳ್ಳುವುದು ವಿಂಡೋಸಿನ ಪದ್ಧತಿ.

ಲಾಕ್ ಜೊತೆ ಮಾತನಾಡುವುದೂ ಇಂಥ ಒಂದು ಕೆಲಸ. ತಂತ್ರಾಂಶ ತಾನಾಗಿ ಲಾಕನ್ನು ಮುಟ್ಟುವುದಿಲ್ಲ. ಅದು ಲೈಬ್ರರಿ ಕಡತವನ್ನು ಕೇಳುತ್ತದೆ. ಲೈಬ್ರರಿ ಕಡತ ಡ್ರೈವರ್ ಎಂಬ ಇನ್ನೊಂದು ಕಡತವನ್ನು ಕೇಳುತ್ತದೆ. ಡ್ರೈವರ್ ಪೋರ್ಟಿನ ಮೂಲಕ ಲಾಕನ್ನು ಕೇಳುತ್ತದೆ. ಕೆಲವು ಲಾಕ್‌ಗಳಲ್ಲಿ ಈ ಮಾತುಕತೆ ಸೊಗಸಾದುದು: ತಂತ್ರಾಂಶ ಒಂದು ಸಂಖ್ಯೆಯನ್ನು ಕಳುಹಿಸುತ್ತದೆ, ಲಾಕ್ ತನ್ನೊಳಗಿನ ಗುಟ್ಟಿನ ಲೆಕ್ಕ ಮಾಡಿ ಇನ್ನೊಂದು ಸಂಖ್ಯೆಯನ್ನು ಹಿಂದಿರುಗಿಸುತ್ತದೆ. ಉತ್ತರ ಸರಿಯಾದರೆ ಬಾಗಿಲು ತೆರೆಯುತ್ತದೆ. ಇಸ್ರೇಲಿನ ಅಲಾದ್ದೀನ್ ಸಂಸ್ಥೆಯ ಹಾಸ್ಪ್, ಅಮೆರಿಕದ ರೇನ್‌ಬೋ ಸಂಸ್ಥೆಯ ಸೆಂಟಿನಲ್ ಇವು ಲೋಕವೆಲ್ಲ ಬಳಸಿದ ಇಂಥ ಲಾಕ್‌ಗಳು. ಕೈಯಿಂದ ಕೈಗೆ ದಾಟುತ್ತ ಎರಡೂ ಇಂದು ಫ್ರಾನ್ಸಿನ ತಾಲೆಸ್ ಸಂಸ್ಥೆಯ ಸೂರಿನಡಿಯಲ್ಲಿವೆ.

ಸಲಹೆಗಳಿಗೆ ಕೊರತೆಯಿರಲಿಲ್ಲ. ಗಲ್ಫಿನಲ್ಲಿರುವ ಹಳೆ ವಿದ್ಯಾರ್ಥಿಯೊಬ್ಬರು, “ಟೀಚರ್, ಆ ಹೆಸರಿನ ಕಡತ ಇಂಟರ್ನೆಟ್ಟಿನಲ್ಲಿ ಧಾರಾಳ ಸಿಗುತ್ತದೆ, ಇಳಿಸಿಕೊಳ್ಳಿ” ಎಂದು ಬರೆದರು. ನಮ್ಮ ಐ.ಟಿ. ಅಧ್ಯಾಪಕರು ಒಪ್ಪಲಿಲ್ಲ. ಹೆಸರು ಒಂದೇ ಆದ ಮಾತ್ರಕ್ಕೆ ಕಡತ ಒಂದೇ ಆಗುವುದಿಲ್ಲ. ಆವೃತ್ತಿ ಬೇರೆಯಾದರೆ ಕೆಲಸಕ್ಕೆ ಬಾರದು, ಕಿಡಿಗೇಡಿಗಳು ಇಟ್ಟದ್ದಾದರೆ ಇದ್ದ ಕಡತಗಳೂ ಹೋದಾವು. ಇನ್ನೊಬ್ಬರ ಸಲಹೆ ಮತ್ತೂ ಸುಲಭದ್ದು. ನಿಜವಾದ ಲೈಬ್ರರಿ ಕಡತದ ಜಾಗದಲ್ಲಿ ಅದೇ ಹೆಸರಿನ ಒಂದು ಸುಳ್ಳು ಕಡತವನ್ನು ಕೂರಿಸುವುದು. ಲಾಕ್ ಇದೆಯೇ ಎಂದು ಕೇಳಿದಾಗಲೆಲ್ಲ ಅದು ಯಾರನ್ನೂ ವಿಚಾರಿಸದೆ ‘ಇದೆ’ ಎಂದುಬಿಡುತ್ತದೆ. ಲಾಕ್ ಎಷ್ಟು ಗಟ್ಟಿಯಾಗಿದ್ದರೂ ನಡುವಿನ ದೂತನೇ ಸುಳ್ಳು ಹೇಳಿದರೆ ಬಾಗಿಲು ತೆರೆದಂತೆಯೇ. ನನಗೆ ಆಸೆಯಾಗಲಿಲ್ಲವೆಂದರೆ ಸುಳ್ಳಾದೀತು. ಲಾಕ್ ನಮ್ಮಲ್ಲಿಯೇ ಇದೆ, ಹಣ ತೆತ್ತು ಕೊಂಡದ್ದು, ಹೆಸರುಗಳು ನಮ್ಮವು. ಇದರಲ್ಲಿ ಕಳವೇನು ಬಂತು? ಆದರೂ ಬೇಡವೆಂದೆ. ಅದರಲ್ಲಿ ಅರ್ಧ ಧರ್ಮ, ಅರ್ಧ ವೈರಸ್ಸಿನ ಭಯ.

ಎರಡು ವಾರಗಳ ಓದು, ವಿಚಾರಣೆಗಳ ಬಳಿಕ ತೊಡಕಿನ ಬುಡ ತಿಳಿಯಿತು. ವಿಂಡೋಸ್ 95, 98ರ ಕಾಲದಲ್ಲಿ ತಂತ್ರಾಂಶಗಳು ಪ್ರಿಂಟರ್ ಪೋರ್ಟನ್ನು ನೇರವಾಗಿ ಮುಟ್ಟಬಹುದಿತ್ತು. ವಿಂಡೋಸ್ 2000, ಎಕ್ಸ್‌ಪಿಗಳಲ್ಲಿ ಅದಕ್ಕೆ ತಡೆ ಬಂತು. ಡ್ರೈವರ್ ಮೂಲಕವೇ ಹೋಗಬೇಕಾಯಿತು. ಇಂದಿನದು 64 ಬಿಟ್ ವಿಂಡೋಸ್. ಅದು 32 ಬಿಟ್‌ನ ಹಳೆಯ ತಂತ್ರಾಂಶವನ್ನೂ ಅದರ ಲೈಬ್ರರಿ ಕಡತವನ್ನೂ ಹೇಗೋ ಸಹಿಸುತ್ತದೆ, ಆದರೆ ಡ್ರೈವರ್ ಮಾತ್ರ 64 ಬಿಟ್‌ನದೇ ಆಗಬೇಕು. ಇನ್ನೂ ಹಳೆಯ 16 ಬಿಟ್‌ನದನ್ನು ಅದು ಒಳಗೇ ಸೇರಿಸದು, ನಮ್ಮ ಸಿ.ಡಿ.ಯ ಅನುಸ್ಥಾಪನಾ ಕಡತ ಅಂಥದ್ದು. ಇದರ ನಡುವೆ ಒಂದು ತಮಾಷೆ: ವಿಂಡೋಸಿನಲ್ಲಿ 64 ಬಿಟ್ ಲೈಬ್ರರಿಗಳಿರುವ ಕೋಶದ ಹೆಸರು ಸಿಸ್ಟಮ್32, 32 ಬಿಟ್‌ನವು ಇರುವ ಕೋಶದ ಹೆಸರಿನ ಕೊನೆಯಲ್ಲಿ 64 ಇದೆ. ಒಂಬತ್ತನೆಯ ತರಗತಿಯ ಬಾಗಿಲಿಗೆ ಎಂಟರ ಫಲಕ, ಎಂಟಕ್ಕೆ ಒಂಬತ್ತರದು ತೂಗುಹಾಕಿದಂತೆ! ಹಳೆಯ ತಂತ್ರಾಂಶಗಳು ದಾರಿ ತಪ್ಪದಿರಲೆಂದು ಹಳೆಯ ಹೆಸರನ್ನು ಉಳಿಸಿಕೊಂಡದ್ದರ ಫಲವಂತೆ ಇದು.

ನಮ್ಮ ಪ್ರಯೋಗಾಲಯದ ಕಂಪ್ಯೂಟರುಗಳಂತೂ ಇದಕ್ಕೆ ಒದಗುವಂತಿರಲಿಲ್ಲ. ಕೇರಳದ ಶಾಲೆಗಳು ಐಟಿ@ಸ್ಕೂಲ್ ಯೋಜನೆಯ ಕಾಲದಿಂದಲೂ ಸ್ವತಂತ್ರ ತಂತ್ರಾಂಶದ ದಾರಿ ಹಿಡಿದಿವೆ. ನಮ್ಮ ಮಕ್ಕಳು ಕಲಿಯುವುದು ಲಿನಕ್ಸಿನಲ್ಲಿ. ಅಲ್ಲಿ ಲಾಕ್‌ಗಳ ಗೊಡವೆಯೇ ಇಲ್ಲ. ಯುಎಸ್‌ಬಿಯಿಂದ ಪ್ರಿಂಟರ್ ಪೋರ್ಟಿಗೆ ಹೋಗುವ ಒಂದು ಕೇಬಲ್ ತರಿಸಿದೆವು, ಅದೂ ವ್ಯರ್ಥ. ಅಂಥ ಕೇಬಲ್ ಪ್ರಿಂಟರನ್ನು ಮಾತ್ರ ಬಲ್ಲುದು. ನಮ್ಮ ಲೈಬ್ರರಿ ಕಡತ ಹಳೆಯ ವಿಳಾಸದಲ್ಲಿ ಬಾಗಿಲು ತಟ್ಟುತ್ತಿತ್ತು, ಆ ವಿಳಾಸದಲ್ಲಿ ಮನೆಯೇ ಇರಲಿಲ್ಲ.

ಕೊನೆಗೆ ದಾರಿ ಸಿಕ್ಕಿದ್ದು ಕುಂಬಳೆ ಪೇಟೆಯಲ್ಲಿ ಕಂಪ್ಯೂಟರ್ ದುರಸ್ತಿ ಮಾಡುವ ನಮ್ಮದೇ ಹಳೆ ವಿದ್ಯಾರ್ಥಿಯಿಂದ. ಗುಜರಿಗೆ ಹೋಗಲಿದ್ದ, ಹಿಂಬದಿಯಲ್ಲಿ ಇಪ್ಪತ್ತೈದು ತೂತುಗಳ ಪೋರ್ಟ್ ಇದ್ದ ಒಂದು ಯಂತ್ರಕ್ಕೆ ಅವರು ವಿಂಡೋಸ್ 98 ಹಾಕಿ ತಂದರು. ಮೂಲ ಸಿ.ಡಿ. ಹಾಕಿದಾಗ ತಂತ್ರಾಂಶ, ಲೈಬ್ರರಿ ಕಡತ, ಲಾಕ್‌ಗೆ ಬೇಕಾದ ಇತರ ಕಡತಗಳು ಎಲ್ಲವೂ ತಮ್ಮ ತಮ್ಮ ಜಾಗದಲ್ಲಿ ಒಟ್ಟಿಗೆ ಹೋಗಿ ಕುಳಿತವು. ಆರು ತಿಂಗಳು ನಾವು ಒಂದೊಂದಾಗಿ ಹುಡುಕಿದ್ದು ಒಂದೇ ಕುಟುಂಬದವರನ್ನು! ಲಾಕ್ ಸಿಕ್ಕಿಸಿದರು. ಪರದೆಯ ಮೇಲೆ ಕನ್ನಡ ಮೂಡಿತು. ಪಂಡಿತರು ಇಂದು ನಮ್ಮೊಂದಿಗಿಲ್ಲ. ಅವರು ಓದಿ ಬರೆಯಿಸಿದ ಹೆಸರುಗಳು ಅವರದೇ ಕ್ರಮದಲ್ಲಿ, ಸಂದೇಹವಿದ್ದಲ್ಲಿ ಅವರು ಹಾಕಿಸಿದ ಪ್ರಶ್ನಾರ್ಥಕ ಚಿಹ್ನೆಗಳೊಂದಿಗೆ ಕಾಣಿಸಿದವು. ಸ್ಟಾಫ್ ರೂಮಿನಲ್ಲಿ ಸ್ವಲ್ಪ ಹೊತ್ತು ಯಾರೂ ಮಾತನಾಡಲಿಲ್ಲ.

ಆ ಯಂತ್ರಕ್ಕೆ ಹೊಂದುವ ಪ್ರಿಂಟರ್ ಇರಲಿಲ್ಲ. ಪರದೆಯ ಒಂದೊಂದು ಪುಟವನ್ನೂ ಮೊಬೈಲಿನಲ್ಲಿ ಫೋಟೋ ತೆಗೆದೆವು. ‘ಲಿಟಲ್ ಕೈಟ್ಸ್’ ಘಟಕದ ಮಕ್ಕಳು ಅದನ್ನು ನೋಡಿ, ಪ್ರಯೋಗಾಲಯದ ಲ್ಯಾಪ್‌ಟಾಪುಗಳಲ್ಲಿ ಯುನಿಕೋಡಿನಲ್ಲಿ ಬೆರಳಚ್ಚಿಸಿದರು. ಇನ್ನು ಯಾವ ಲಾಕೂ ಬೇಡ. ಕಸುಬಿನ ಕಲಮಿನಲ್ಲಿ ‘ಒಕ್ಕಲು’ ಎಂದು ಕಂಡು ಅದೇನೆಂದು ಕೇಳಿದ ಹುಡುಗಿಗೆ ಗೇಣಿ ಪದ್ಧತಿಯನ್ನು ಅರ್ಥವಾಗುವಂತೆ ವಿವರಿಸಲು ನನಗೆ ಒಂದು ಪೀರಿಯಡ್ ಬೇಕಾಯಿತು.

ಬೆರಳಚ್ಚಿನಲ್ಲಿ ತಪ್ಪುಗಳು ನುಸುಳಿರಬಹುದು. ಪಂಡಿತರ ಪ್ರಶ್ನಾರ್ಥಕ ಚಿಹ್ನೆಗಳನ್ನೂ ನಾವು ತೆಗೆದಿಲ್ಲ. ಸೋಮವಾರದಿಂದ ಇಡೀ ಪಟ್ಟಿಯನ್ನು ಕಚೇರಿಯ ಮುಂದಿನ ಜಗಲಿಯಲ್ಲಿ ವರ್ಷಾನುಕ್ರಮವಾಗಿ ತೂಗುಹಾಕುತ್ತೇವೆ. ಮನೆಯಲ್ಲಿ ಅಜ್ಜ ಅಜ್ಜಿಯರಿದ್ದರೆ ದಯಮಾಡಿ ಕರೆತನ್ನಿ, ಕುಳಿತುಕೊಳ್ಳಲು ಬೆಂಚು ಹಾಕಿಸಿದ್ದೇನೆ. ಹೆಸರಿನಲ್ಲಿಯೋ ಮನೆಯ ಹೆಸರಿನಲ್ಲಿಯೋ ತಪ್ಪು ಕಂಡರೆ ಪಕ್ಕದಲ್ಲಿ ಪೆನ್ಸಿಲಿನಿಂದ ಗುರುತು ಮಾಡಿ. ಸಂಚಿಕೆ ಅಚ್ಚಿಗೆ ಹೋಗಲು ಇನ್ನೂ ಮೂರು ವಾರಗಳಿವೆ.