ಗಿಟಾರಿನ ತಂತಿಗಳನ್ನು ಸುಮ್ಮನಿರಿಸುವ ಬಗೆ

(ಸಂಘದ ಉಚಿತ ವಾಚನಾಲಯದಲ್ಲಿ ಮಾಡಿದ ಭಾಷಣ)



ನಮ್ಮ ವಾಚನಾಲಯದಲ್ಲಿ ಪುಸ್ತಕಗಳ ವಿಷಯವಾಗಿ ಭಾಷಣಗಳಾಗುವುದು ವಾಡಿಕೆ. ಇಂದು ಆ ವಾಡಿಕೆಯನ್ನು ಮುರಿದು, ಮೇಜಿನ ಮೇಲೆ ಗಿಟಾರೊಂದನ್ನು ಇಟ್ಟುಕೊಂಡು ತಮ್ಮ ಮುಂದೆ ನಿಂತಿದ್ದೇವೆ. ನಾವು ವಿದ್ವಾಂಸರಲ್ಲ, ಸಂಗೀತಗಾರರೆಂದು ಹೇಳಿಕೊಳ್ಳುವಷ್ಟು ಕಲಿತವರೂ ಅಲ್ಲ. ಸಂಜೆಯ ಹೊತ್ತು ಇಲ್ಲಿ ಪತ್ರಿಕೆಗಳನ್ನು ಜೋಡಿಸಿಡುವವರು. ಭಾನುವಾರ ಪಕ್ಕದ ಕೋಣೆಯಲ್ಲಿ ಹುಡುಗರೊಡನೆ ಕುಳಿತು, ಕಲಿತಷ್ಟನ್ನು ಹೇಳಿಕೊಡುವವರು. ಆ ಗಿಟಾರಿನ ತರಗತಿ ಮುಂದೆ ಇರಬೇಕೇ ಬೇಡವೇ ಎಂಬ ಪ್ರಶ್ನೆ ಈಗ ಕಾರ್ಯಕಾರಿ ಸಮಿತಿಯ ಮುಂದಿದೆ. ತೀರ್ಮಾನ ಸಮಿತಿಯದು. ನಮ್ಮಿಂದಾದ ತಪ್ಪೇನು, ಅದಕ್ಕೆ ಮದ್ದೇನು ಎಂಬುದನ್ನು ತಮ್ಮೆದುರು ಒಪ್ಪಿಸುವುದು ನಮ್ಮ ಕೆಲಸ.

ಕಳೆದ ರಾಜ್ಯೋತ್ಸವದ ದಿನ ನಡೆದದ್ದು ತಮ್ಮಲ್ಲಿ ಹಲವರಿಗೆ ನೆನಪಿದೆ. ನಮ್ಮ ಹಾಡುವ ಅಕ್ಕನವರು ಭಾವಗೀತೆಯೊಂದನ್ನು ಎತ್ತಿಕೊಂಡರು. ಗಿಟಾರು ನಮ್ಮ ಕೈಯಲ್ಲಿತ್ತು. ಪಲ್ಲವಿ ಚೆನ್ನಾಗಿಯೇ ಸಾಗಿತು. ಆದರೆ ಹಾಡು ಮಧ್ಯಮಕ್ಕೆ ಹೋಗಿ ನಿಂತಲ್ಲೆಲ್ಲ, ಗಿಟಾರಿನ ಅತ್ಯಂತ ದಪ್ಪ ತಂತಿ ಮಾತ್ರ ಕೆಳಗಿನ ಪಂಚಮದಲ್ಲಿ ಗುಂಯ್ ಎಂದು ಮೊಳಗುತ್ತಲೇ ಇತ್ತು. ಅದನ್ನು ಆ ಹೊತ್ತಿಗೆ ನಾವು ಬೇಕೆಂದು ಮೀಟಿರಲಿಲ್ಲ. ಹಿಂದಿನ ಸಾಲಿನಲ್ಲಿ ಮೀಟಿದ್ದೆವು, ನಿಲ್ಲಿಸಿರಲಿಲ್ಲ, ಅಷ್ಟೇ. ಮೈಕಿನ ಮೂಲಕ ಧ್ವನಿವರ್ಧಕಕ್ಕೆ ಹೋದ ಆ ಸದ್ದು ಮರಳಿ ಬಂದು ಅದೇ ತಂತಿಯನ್ನು ನಡುಗಿಸಿತು. ನಡುಗಿದ ತಂತಿ ಮತ್ತಷ್ಟು ಸದ್ದನ್ನು ಮೈಕಿಗೆ ಕೊಟ್ಟಿತು. ಅಕ್ಕನವರಿಗೆ ಶ್ರುತಿ ಕೈತಪ್ಪಿತು. ಎರಡು ಸಲ ಹಿಡಿಯಲು ನೋಡಿದರು. ಆಮೇಲೆ ಸಭೆಗೆ ಕೈಮುಗಿದು ವೇದಿಕೆಯಿಂದ ಇಳಿದುಬಿಟ್ಟರು. ಅವರು ನಮಗೆ ಒಂದು ಮಾತನ್ನೂ ಅನ್ನಲಿಲ್ಲ. ಅಂದಿದ್ದರೆ ಮನಸ್ಸಿಗೆ ಹಗುರವಾಗುತ್ತಿತ್ತು.

“ಈ ವಾದ್ಯ ನಮ್ಮ ಹಾಡಿಗೆ ಒಗ್ಗುವುದಿಲ್ಲ” ಎಂದು ಅಂದು ಹಲವರು ಹೇಳಿದರು. ನಮಗೂ ಹಾಗೆಯೇ ತೋರಿತ್ತು. ಆದರೆ ಧಾರವಾಡದ ಕಡೆಯವರಾದ ನಮ್ಮ ತಬಲದ ಹಿರಿಯರು ಬೇರೆ ಮಾತು ಹೇಳಿದರು. “ವಾದ್ಯದ್ದೇನ ತಪ್ಪೈತ್ರಿ? ನೀವು ಬಾರಿಸೂದು ಕಲ್ತೀರಿ, ನಿಲ್ಲಿಸೂದು ಕಲ್ತಿಲ್ಲ ನೋಡ್ರಿ” ಎಂದರು. ಇಂದಿನ ಭಾಷಣವೆಲ್ಲ ಆ ಒಂದು ಮಾತಿನ ವಿವರಣೆ.

ತಂತಿಯನ್ನು ಮೀಟಿದರೆ ಸದ್ದಾಗುತ್ತದೆ. ಇದು ಎಲ್ಲರಿಗೂ ತಿಳಿದದ್ದೇ. ಮೀಟದಿದ್ದ ತಂತಿಯೂ ಸದ್ದು ಮಾಡುತ್ತದೆ ಎಂಬುದು ಅಷ್ಟಾಗಿ ಗಮನಕ್ಕೆ ಬರುವುದಿಲ್ಲ. ಇಗೋ, ಕಣ್ಣಾರೆ ನೋಡಿ. ಗಿಟಾರಿಗೆ ಆರು ತಂತಿಗಳು. ತೆಳುವಾದದ್ದು ಒಂದನೆಯದು, ದಪ್ಪನೆಯದು ಆರನೆಯದು. ಐದನೆಯ ತಂತಿ ಸೆಕೆಂಡಿಗೆ 110 ಸಲ ಕಂಪಿಸುವಂತೆ ಶ್ರುತಿಯಾಗಿದೆ. ನಾಲ್ಕನೆಯದು ಸುಮಾರು 147 ಸಲ. ಈ ಎರಡು ತಂತಿಗಳ ಮೇಲೂ ಮಡಿಸಿದ ಕಾಗದದ ಚೂರುಗಳನ್ನು ಕುದುರೆಯ ಮೇಲಿನ ಸವಾರರಂತೆ ಕೂರಿಸಿದ್ದೇವೆ. ಈಗ ಆರನೆಯ ತಂತಿಯನ್ನು ಐದನೆಯ ಮೆಟ್ಟಿಲಿನಲ್ಲಿ ಒತ್ತಿ ಮೀಟುತ್ತೇವೆ. ಅಲ್ಲಿ ಒತ್ತಿದಾಗ ಅದೂ 110 ಸಲವೇ ಕಂಪಿಸುತ್ತದೆ. ಐದನೆಯ ತಂತಿಯ ಮೇಲಿನ ಸವಾರ ಕುಣಿದು ಬಿದ್ದುಹೋದ. ನಾಲ್ಕನೆಯದರ ಮೇಲಿನವನು ಕುಳಿತೇ ಇದ್ದಾನೆ. ಐದನೆಯ ತಂತಿಯನ್ನು ಯಾರೂ ಮುಟ್ಟಲಿಲ್ಲ. ತನ್ನ ಸ್ವರವನ್ನು ಇನ್ನೊಬ್ಬರು ನುಡಿದೊಡನೆ ಅದು ತಾನೇ ಓಗೊಟ್ಟಿತು. ಇದಕ್ಕೆ ಅನುರಣನವೆಂದು ಹೆಸರು.

ಇನ್ನೊಂದು ಸಂಗತಿ. ಒಂದು ತಂತಿಯಲ್ಲಿ ಒಂದೇ ಸ್ವರವಿರುವುದಿಲ್ಲ. 110 ಸಲ ಕಂಪಿಸುವ ತಂತಿಯೊಳಗೆ 220, 330, 440 ಹೀಗೆ ಉಪಸ್ವರಗಳೂ ಅಡಗಿರುತ್ತವೆ. ಗಿಟಾರಿನ ಒಂದನೆಯ ತಂತಿ 330ಕ್ಕೆ ತೀರ ಹತ್ತಿರವಿದೆ. ಆದ್ದರಿಂದ ಐದನೆಯ ತಂತಿಯನ್ನು ಮೀಟಿ, ಕೂಡಲೇ ಬೆರಳಿಟ್ಟು ನಿಲ್ಲಿಸಿದರೂ, ಒಂದನೆಯ ತಂತಿ ಸಣ್ಣ ದನಿಯಲ್ಲಿ ಹಾಡುತ್ತಿರುತ್ತದೆ. ಮುಂದಿನ ಸಾಲಿನಲ್ಲಿ ಕುಳಿತವರಿಗೆ ಈಗ ಅದು ಕೇಳಿಸಿರಬೇಕು. ಹೀಗೆ ಒಂದನ್ನು ಮೀಟಿದರೆ ಮೂರು ಎಚ್ಚರಗೊಳ್ಳುವ ವಾದ್ಯವಿದು.

ಇದು ದೋಷವೇ? ನಮ್ಮ ತಂಬೂರಿಯ ವಿಷಯದಲ್ಲಿ ಇದೇ ಗುಣ. ತಂಬೂರಿಯ ಅಗಲವಾದ ಕುದುರೆಯ ಮೇಲೆ, ತಂತಿಯ ಅಡಿಗೆ ನೂಲಿನ ಎಳೆಯೊಂದನ್ನು ಸರಿಸಿ ಇಡುತ್ತಾರೆ. ಅದಕ್ಕೆ ‘ಜೀವ’ ಎಂದೇ ಹೆಸರು. ಅದು ಸರಿಯಾದ ಜಾಗದಲ್ಲಿ ಕುಳಿತಾಗ ಉಪಸ್ವರಗಳು ತುಂಬಿಕೊಂಡು ಏಳುತ್ತವೆ. ಷಡ್ಜದ ತಂತಿಯಿಂದ ಯಾರೂ ಮೀಟದ ಗಾಂಧಾರ ಕೇಳಿಬರುತ್ತದೆ. ಅದನ್ನು ಸ್ವಯಂಭೂ ಗಾಂಧಾರವೆಂದು ಕರೆದರು. ಸರ್ ಸಿ. ವಿ. ರಾಮನ್ ಅವರು 1933ರಲ್ಲಿ ಬೆಂಗಳೂರಿಗೆ ಬಂದು ನೆಲೆಸುವುದಕ್ಕೆ ಬಹಳ ಮುಂಚೆ, ಕಲ್ಕತ್ತೆಯಲ್ಲಿದ್ದಾಗ, ವೀಣೆ ಮತ್ತು ತಂಬೂರಿಗಳ ಈ ಕುದುರೆಯನ್ನೇ ಪರೀಕ್ಷಿಸಿ 1921ರಲ್ಲಿ ಲೇಖನ ಬರೆದರು. ತಂತಿಯ ಯಾವ ಬಿಂದುವಿನಲ್ಲಿ ಮೀಟಿದರೆ ಯಾವ ಉಪಸ್ವರ ಹುಟ್ಟಬಾರದೆಂದು ಯೂರೋಪಿನ ಶಾಸ್ತ್ರ ಹೇಳುತ್ತಿತ್ತೋ, ಅಲ್ಲಿಯೇ ಮೀಟಿದರೂ ನಮ್ಮ ವಾದ್ಯಗಳಲ್ಲಿ ಆ ಉಪಸ್ವರ ಹುಟ್ಟುತ್ತದೆಂದು ತೋರಿಸಿದರು. ಅಗಲವಾದ ಬಾಗು ಕುದುರೆಯ ಮಹಿಮೆ ಅದು.

ಅಂದಮೇಲೆ ನಮ್ಮ ಕಿವಿ ಬೆಳೆದದ್ದೇ ಮೊಳಗುವ ತಂತಿಯ ನೆರಳಿನಲ್ಲಿ. ತಂಬೂರಿಯ ತಂತಿಗೆ ಕೈಯಿಟ್ಟು ನಿಲ್ಲಿಸುವುದೆಂದರೆ ಕಛೇರಿ ಮುಗಿದಂತೆ. ಈ ಅಭ್ಯಾಸವನ್ನೇ ನಾವು ಗಿಟಾರಿಗೂ ತಂದೆವು. ಎಲ್ಲ ತಂತಿಗಳೂ ತುಂಬಿ ಮೊಳಗಿದರೆ ಇಂಪು ಹೆಚ್ಚುತ್ತದೆಂದು ಭಾವಿಸಿದೆವು. ಮರೆತದ್ದೇನೆಂದರೆ, ತಂಬೂರಿ ಹಾಡಿನ ಉದ್ದಕ್ಕೂ ತನ್ನ ಸ್ವರವನ್ನು ಬದಲಿಸುವುದಿಲ್ಲ. ಗಿಟಾರು ಸಾಲು ಸಾಲಿಗೆ ಸ್ವರಮೇಳವನ್ನು ಬದಲಿಸುತ್ತದೆ. ಷಡ್ಜದ ಮೇಳಕ್ಕೆ ಒಪ್ಪುವ ಪಂಚಮ, ಮಧ್ಯಮದ ಮೇಳದಲ್ಲಿ ಆಧಾರಸ್ವರಕ್ಕೇ ಡಿಕ್ಕಿ ಹೊಡೆಯುತ್ತದೆ. ನಿನ್ನೆಯ ಬಾಕಿಯನ್ನು ತೀರಿಸದೆ ಇಂದಿನ ಪುಟ ತೆರೆದರೆ ಲೆಕ್ಕ ಕೂಡುವುದಿಲ್ಲ. ದಿನವೆಲ್ಲ ಲೆಕ್ಕದ ಪುಸ್ತಕ ಬರೆಯುವ ನಮಗೆ ಇದು ಮೊದಲೇ ಹೊಳೆಯಬೇಕಾಗಿತ್ತು.

ನಿಲ್ಲಿಸುವ ವಿದ್ಯೆ ಹೊರಗಿನಿಂದ ಬಂದದ್ದೆಂದೂ ತಿಳಿಯಬೇಕಾಗಿಲ್ಲ. ತಬಲದಲ್ಲಿ ತೆರೆದ ಪೆಟ್ಟುಂಟು, ಮುಚ್ಚಿದ ಪೆಟ್ಟುಂಟು. ಎರಡನ್ನೂ ಮೊದಲ ದಿನದಿಂದಲೇ ಕಲಿಸುತ್ತಾರೆ. ಮೃದಂಗದ ಬಲಗಡೆಯ ಕಪ್ಪು ಕರಣೆ ಉಪಸ್ವರಗಳನ್ನು ಶ್ರುತಿಗೆ ತರುತ್ತದೆ. ಅಂಚಿನ ಚರ್ಮದ ಬಳೆ ಬೇಡದ ಮೇಲಿನ ಸ್ವರಗಳನ್ನು ಅದುಮುತ್ತದೆ. ಇದನ್ನೂ ರಾಮನ್ ಅವರೇ ವಿವರಿಸಿದರು. ಪಿಯಾನೋದಲ್ಲಿ ಬೆರಳು ಕೀಲಿಯನ್ನು ಬಿಟ್ಟೊಡನೆ ಉಣ್ಣೆಯ ಮೆತ್ತೆ ತಾನಾಗಿ ಇಳಿದು ತಂತಿಯನ್ನು ನಿಲ್ಲಿಸುತ್ತದೆ. ಗಿಟಾರಿಗೆ ಅಂಥ ಯಂತ್ರವಿಲ್ಲ. ಬಾರಿಸುವವನ ಕೈಯೇ ಮೆತ್ತೆಯಾಗಬೇಕು.

ಇನ್ನು ಮಾಡುವ ಕ್ರಮ. ಮೊದಲು ಬಲಗೈ. ಅಂಗೈಯ ಕಿರುಬೆರಳ ಕಡೆಯ ಅಂಚನ್ನು ತಂತಿಗಳು ಕುದುರೆಯನ್ನು ಸೇರುವ ಜಾಗದಲ್ಲಿ ಹಗುರವಾಗಿ ಇಡಬೇಕು. ಅಲ್ಲಿಟ್ಟು ಮೀಟಿದರೆ ‘ಧುಂ’ ಎಂಬ ಗಿಡ್ಡ ಸ್ವರ ಬರುತ್ತದೆ. ಸ್ವರ ತಿಳಿಯುತ್ತದೆ, ಬಾಲ ಬೆಳೆಯುವುದಿಲ್ಲ. ಕೈಯನ್ನು ಒಂದೆರಡು ಬೆರಳಗಲ ಮುಂದೆ ಸರಿಸಿದರೆ ಸ್ವರವೇ ಸತ್ತು ‘ಟಪ್’ ಎಂಬ ಸದ್ದು ಉಳಿಯುತ್ತದೆ. ತೀರ ಹಿಂದೆ, ಕುದುರೆಯ ಮೇಲೆಯೇ ಇಟ್ಟರೆ ಏನೂ ಆಗುವುದಿಲ್ಲ. ಈ ಎರಡರ ನಡುವಣ ಜಾಗವನ್ನು ಕಣ್ಣಿನಿಂದಲ್ಲ, ಕಿವಿಯಿಂದ ಹುಡುಕಬೇಕು. ತೆಳು ತಂತಿಗಳನ್ನು ಮೀಟುವಾಗ ಬಲಗೈಯ ಹೆಬ್ಬೆರಳು ಸುಮ್ಮನಿರದೆ ದಪ್ಪ ತಂತಿಗಳ ಮೇಲೆ ಒರಗಿರಲಿ.

ಎಡಗೈಯ ಕೆಲಸ ಇನ್ನೂ ಸೂಕ್ಷ್ಮ. ಒತ್ತಿದ ಬೆರಳನ್ನು ಸರಕ್ಕನೆ ಎತ್ತಿಬಿಟ್ಟರೆ ಖಾಲಿ ತಂತಿ ಮಿಡಿದು ಬೇಡದ ಸ್ವರ ಹೊರಡುತ್ತದೆ. ಎತ್ತಬಾರದು, ಒತ್ತಡವನ್ನು ಮಾತ್ರ ಸಡಿಲಿಸಿ ಬೆರಳನ್ನು ತಂತಿಯ ಮೇಲೆಯೇ ಬಿಡಬೇಕು. ತೋರುಬೆರಳ ತುದಿ ಪಕ್ಕದ ದಪ್ಪ ತಂತಿಯನ್ನು ತುಸು ತಾಗಿರಲಿ. ಅದರ ಅಡಿಯ ಮಾಂಸಲ ಭಾಗ ತೆಳು ತಂತಿಗಳ ಮೇಲೆ ಒರಗಿರಲಿ. ಮಧ್ಯಮದ ಮೇಳ ಹಿಡಿಯುವಾಗ ಎಡಗೈಯ ಹೆಬ್ಬೆರಳು ಹಿಡಿಯ ಮೇಲಿನಿಂದ ಇಣುಕಿ ಆರನೆಯ ತಂತಿಯನ್ನು ಮುಟ್ಟಿದರೆ ಸಾಕು. ಅಂದು ನಾವು ಮಾಡದೆ ಹೋದದ್ದು ಇಷ್ಟೇ: ಒಂದು ಹೆಬ್ಬೆರಳ ಸ್ಪರ್ಶ.

ಇಲ್ಲೊಂದು ಎಚ್ಚರಿಕೆ. ನಿಲ್ಲಿಸಲು ಹೋಗಿ ಹನ್ನೆರಡನೆಯ ಮೆಟ್ಟಿಲಿನ ಮೇಲೆ ಒಂದೇ ಬೆರಳಿಟ್ಟರೆ ತಂತಿ ನಿಲ್ಲುವುದಿಲ್ಲ. ಗಂಟೆಯಂತೆ ಮೇಲಿನ ಷಡ್ಜದಲ್ಲಿ ನುಡಿಯುತ್ತದೆ. ಅದು ತಂತಿಯ ನಟ್ಟನಡುವೆ. ಏಳನೆಯ ಮೆಟ್ಟಿಲು ಮೂರನೆಯ ಒಂದು ಭಾಗ, ಐದನೆಯದು ನಾಲ್ಕನೆಯ ಒಂದು ಭಾಗ. ಆ ಬಿಂದುಗಳಲ್ಲಿ ಬೆರಳಿಟ್ಟರೆ ಮೂಲಸ್ವರ ಅಡಗುತ್ತದೆ, ಆದರೆ ಅಲ್ಲಿ ಅಲುಗಾಡದ ಉಪಸ್ವರ ಉಳಿದುಕೊಳ್ಳುತ್ತದೆ. ಆದ್ದರಿಂದ ಎರಡು ಮೂರು ಬೆರಳುಗಳನ್ನು ಒಟ್ಟಿಗೆ ಮಲಗಿಸಬೇಕು. ಉಗುರು ತಾಗಕೂಡದು, ಗಟ್ಟಿ ವಸ್ತು ತಾಗಿದರೆ ತಂತಿ ಕಿರುಗುಟ್ಟುತ್ತದೆ. ಮೆತ್ತನೆಯದು ಮಾತ್ರ ಕಂಪನವನ್ನು ನುಂಗಿ ಕಾವಾಗಿ ಕರಗಿಸುತ್ತದೆ. ಯಂತ್ರಗಳ ಕಾಲಡಿಗೆ ರಬ್ಬರಿನ ಪದರ ಇಡುವುದೂ ಇದೇ ಕಾರಣಕ್ಕೆ.

ತಂತಿಗಳ ಮೇಲೆ ಲೋಹದ ಕಂಬಿಯನ್ನು ಜಾರಿಸಿ ನುಡಿಸುವ ಹವಾಯಿ ಗಿಟಾರಿನಲ್ಲಿ ಕಷ್ಟ ಇಮ್ಮಡಿ. ಕಂಬಿಯ ಮುಂದಣ ತಂತಿ ಬೇಕಾದ ಸ್ವರವನ್ನು ಕೊಟ್ಟರೆ, ಹಿಂದಣ ತುಂಡು ತನ್ನದೇ ಬೇರೊಂದನ್ನು ನುಡಿಯುತ್ತದೆ. ಆದ್ದರಿಂದ ಎಡಗೈಯ ಉಳಿದ ಬೆರಳುಗಳು ಕಂಬಿಯ ಹಿಂದೆ ತಂತಿಯನ್ನು ಸವರುತ್ತಲೇ ಬರಬೇಕು. ಬ್ರಿಜ್‌ಭೂಷಣ್ ಕಾಬ್ರಾ ಅವರು ಶಿವಕುಮಾರ ಶರ್ಮಾ, ಹರಿಪ್ರಸಾದ ಚೌರಾಸಿಯಾ ಅವರೊಡನೆ 1967ರಲ್ಲಿ ಹೊರತಂದ ‘ಕಾಲ್ ಆಫ್ ದ ವ್ಯಾಲಿ’ ಧ್ವನಿಮುದ್ರಿಕೆಯನ್ನು ಕೇಳಿ ನೋಡಿ. ಅಲ್ಲಿ ಸಂತೂರ್ ಇದೆ, ಕೊಳಲಿದೆ, ಗಿಟಾರಿದೆ. ಸಂತೂರಿಗೂ ತಾನಾಗಿ ನಿಲ್ಲಿಸುವ ಮೆತ್ತೆಯಿಲ್ಲ, ಅಂಗೈಯಿಂದಲೇ ಅದುಮಬೇಕು. ಆದರೂ ಒಂದು ವಾದ್ಯ ಇನ್ನೊಂದರ ದಾರಿಗೆ ಅಡ್ಡ ಬರುವುದಿಲ್ಲ. ಗಿಟಾರು ನಮ್ಮ ರಾಗಕ್ಕೆ ಒಗ್ಗುವುದೇ ಎಂಬ ಪ್ರಶ್ನೆಗೆ ನಮಗೆ ದೊರೆತ ಉತ್ತರ ಅದು.

ನಮ್ಮ ತರಗತಿಯ ವಿರುದ್ಧ ಇನ್ನೊಂದು ದೂರೂ ಇದೆ, ಅದನ್ನು ಮರೆಮಾಚುವುದಿಲ್ಲ. ಪಕ್ಕದ ಕೋಣೆಯ ಸದ್ದಿನಿಂದ ಇಲ್ಲಿ ಓದುವವರಿಗೆ ತೊಂದರೆಯಾಗುತ್ತದೆ. ಬೇಲಾಪುರದಲ್ಲಿಯೇ 1980ರ ದಶಕದಲ್ಲಿ ಚಾರ್ಲ್ಸ್ ಕೊರಿಯ ಅವರು ಆರ್ಟಿಸ್ಟ್ ವಿಲೇಜ್ ಕಟ್ಟಿಸಿದಾಗ, ಏಳೇಳು ಮನೆಗಳ ನಡುವೆ ಅಂಗಳ ಬಿಟ್ಟು, ಒಂದು ಮನೆಯ ಗೋಡೆ ಇನ್ನೊಂದರ ಗೋಡೆಯಾಗದಂತೆ ಯೋಜಿಸಿದರು. ನಮ್ಮಲ್ಲಿ ಹೆಚ್ಚಿನವರಿಗೆ ಆ ಭಾಗ್ಯವಿಲ್ಲ. ಗೋಡೆಯ ಆಚೆ ಒಬ್ಬರಿಗೆ ರಾತ್ರಿ ಪಾಳಿ ಮುಗಿಸಿ ಬಂದ ನಿದ್ದೆ, ಇನ್ನೊಬ್ಬರಿಗೆ ಪರೀಕ್ಷೆಯ ಓದು. ಇದಕ್ಕೆ ಉಪಾಯ ಸುಲಭ. ಹಳೆಯ ಪಂಚೆಯ ಅಂಚನ್ನು ಮಡಿಸಿ ಕುದುರೆಯ ಹತ್ತಿರ ತಂತಿಗಳ ಅಡಿಗೆ ತೂರಿಸಿದರೆ ಸದ್ದು ಬಹಳಷ್ಟು ಇಳಿಯುತ್ತದೆ. 1960ರ ದಶಕದಲ್ಲಿ ಅಮೆರಿಕದ ಫೆಂಡರ್ ಕಂಪನಿಯವರೂ ತಮ್ಮ ಬೇಸ್ ಗಿಟಾರುಗಳ ಕುದುರೆಯ ಮುಚ್ಚಳದೊಳಗೆ ಸ್ಪಂಜಿನ ತುಂಡು ಇಡುತ್ತಿದ್ದರು. ಬೆರಳಿನ ಸಾಧನೆಗೆ ಅಷ್ಟು ಸದ್ದು ಧಾರಾಳ ಸಾಕು. ಆದರೆ ಬಟ್ಟೆಯೊಂದನ್ನೇ ನಂಬಿದವನಿಗೆ ಕೈ ಪಳಗುವುದಿಲ್ಲ. ವಾರದಲ್ಲಿ ಒಂದು ದಿನವಾದರೂ ಬಟ್ಟೆ ತೆಗೆದು, ಸದ್ದನ್ನು ಕೈಯಿಂದಲೇ ಆಳಬೇಕು.

ಕಳೆದ ಮೂರು ತಿಂಗಳಿಂದ ತರಗತಿಯ ಮೊದಲ ಪಾಠವನ್ನೇ ಬದಲಿಸಿದ್ದೇವೆ. ನಾಲ್ಕರ ಎಣಿಕೆ. ಒಂದಕ್ಕೆ ಮೀಟುವುದು, ಮೂರಕ್ಕೆ ನಿಲ್ಲಿಸುವುದು, ನಾಲ್ಕರಲ್ಲಿ ಏನೂ ಕೇಳಿಸಕೂಡದು. ಹುಡುಗರಿಗೆ ಮೊದಮೊದಲು ಬೇಸರವಾಯಿತು. ಒಬ್ಬ ಹುಡುಗಿ, “ಮಾಮಾ, ನಾಲ್ಕರಲ್ಲಿ ಫ್ಯಾನಿನ ಸದ್ದು ಕೇಳಿಸ್ತದೆ” ಎಂದಳು. ಅಷ್ಟು ಕೇಳಿಸಿತೆಂದರೆ ಪಾಠ ಬಂದಂತೆಯೇ.

ಹೋದ ಭಾನುವಾರ ನಾವು ಅಕ್ಕನವರನ್ನು ಬೇಡಿಕೊಂಡು ಕರೆತಂದೆವು. ಅವರು ಅದೇ ಹಾಡನ್ನು ಮೆಲುದನಿಯಲ್ಲಿ ಹಾಡಿದರು, ಮೈಕು ಇರಲಿಲ್ಲ. ಮಧ್ಯಮ ಬಂದಾಗ ನಮ್ಮ ಎದೆ ಡವಗುಟ್ಟಿತು. ಹೆಬ್ಬೆರಳು ಮಾತ್ರ ತನ್ನ ಕೆಲಸ ಮಾಡಿತು. ಹಾಡು ಮುಗಿದ ಮೇಲೆ ಅವರು, “ಸಾಲು ಸಾಲಿನ ನಡುವೆ ಈಗ ನನಗೆ ಉಸಿರು ತಗೊಳ್ಳಲಿಕ್ಕೆ ಜಾಗ ಉಂಟು” ಎಂದರು. ಮುಂದಿನ ರಾಜ್ಯೋತ್ಸವಕ್ಕೆ ಹಾಡುವರೋ ಇಲ್ಲವೋ ಎಂದು ಅವರೂ ಹೇಳಲಿಲ್ಲ, ನಾವೂ ಕೇಳಲಿಲ್ಲ.

ಸಮಿತಿಯ ತೀರ್ಮಾನ ಏನೇ ಆದರೂ ಶಿರಸಾವಹಿಸುತ್ತೇವೆ. ತರಗತಿ ಉಳಿದರೆ, ಅದರ ಸಮಯವನ್ನು ಓದುಗರಿಗೆ ತೊಂದರೆಯಾಗದಂತೆ ಬದಲಿಸಿಕೊಳ್ಳಲು ಸಿದ್ಧರಿದ್ದೇವೆ. ಹಳೆಯ ಪಂಚೆಗಳನ್ನು ಕೊಡಬಯಸುವ ಸದಸ್ಯರು ವಾಚನಾಲಯದ ಮೇಜಿನ ಬಳಿ ಕೊಡಬಹುದು.